ಹಾಲು ಬೀಳದ ಮೀನು ಸಾರು

ನಾವು ಆರ್.ಟಿ. ನಗರಕ್ಕೆ ಬಂದದ್ದು 1994ರಲ್ಲಿ. ರವೀಂದ್ರನಾಥ ಠಾಕೂರರ ಹೆಸರಿನ ಬಡಾವಣೆಯಲ್ಲಿ ಮನೆ ಸಿಕ್ಕಿತೆಂದು ಹಿಗ್ಗಿದ್ದ ನನಗೆ ಮನೆಯ ಒಡೆಯರು ಮುಂಗಡ ಎಣಿಸಿಕೊಳ್ಳುತ್ತಲೇ ಕೇಳಿದರು, “ಮೀನು ಗೀನು ಮಾಡೋದಿಲ್ಲ ತಾನೆ?” ಕುಂದಾಪುರದ ಕಡೆ ಹುಟ್ಟಿದವಳು ನಾನು. ಆದರೂ “ಇಲ್ಲ” ಎಂದುಬಿಟ್ಟೆ. ಆಮೇಲೆ ಏಳು ವರ್ಷ ಅದೇ ಸುಳ್ಳಿನೊಳಗೆ ಸಂಸಾರ. ಭಾನುವಾರ ಬೆಳಗ್ಗೆ ಯಜಮಾನರು ಶಿವಾಜಿನಗರದ ರಸೆಲ್ ಮಾರುಕಟ್ಟೆಗೆ ಹೋಗಿ, ಬಂಗುಡೆಯನ್ನು ನಾಲ್ಕು ಸುತ್ತು ಪತ್ರಿಕೆಯಲ್ಲಿ ಸುತ್ತಿ, ಮೇಲೆ ಕೊತ್ತಂಬರಿ ಸೊಪ್ಪಿನ ಕಟ್ಟು ಇಟ್ಟುಕೊಂಡು ಬರುತ್ತಿದ್ದರು. ನಾನು ಕಿಟಕಿ ಮುಚ್ಚಿ ಊದಿನಕಡ್ಡಿ ಹಚ್ಚಿ ಒಗ್ಗರಣೆ ಹಾಕುತ್ತಿದ್ದೆ. ಆ ಬೀದಿಯಲ್ಲಿ ನಮ್ಮಷ್ಟು ದೈವಭಕ್ತರಿಲ್ಲವೆಂದು ಹೆಸರಾಯಿತು!

ಇದೆಲ್ಲ ನೆನಪಾಗಲು ಕಾರಣ ಮಗಳ ಫೋನು. ಓದಲು ಬಾಸ್ಟನ್ನಿಗೆ ಹೋದವಳು ಒಂದು ರಾತ್ರಿ ಸಂಭ್ರಮದಿಂದ ಹೇಳಿದಳು, “ಅಮ್ಮಾ, ಇವತ್ತು ಚೌಡರ್ ಮಾಡಿದೆ. ಮೀನು, ಆಲೂಗಡ್ಡೆ, ಈರುಳ್ಳಿ, ಆಮೇಲೆ ಹಾಲು, ಕೆನೆ.” ನನಗೆ ಎದೆ ಧಸಕ್ಕೆಂದಿತು. ಮೀನಿಗೆ ಹಾಲೇ? ನಮ್ಮಮ್ಮ ಮೀನಿನೂಟದ ದಿನ ಮಜ್ಜಿಗೆಯ ಪಾತ್ರೆಯನ್ನೂ ಒಳಗಿಟ್ಟುಬಿಡುತ್ತಿದ್ದರು. ಹಾಲು ಮತ್ತು ಮೀನು ವಿರುದ್ಧ ಆಹಾರವೆಂದು ಚರಕ ಸಂಹಿತೆಯಲ್ಲೇ ಇದೆ. ಆದರೆ ಮಗಳು ಬಿಡುತ್ತಾಳೆಯೆ? “ಇಲ್ಲಿ ಊರಿಗೆ ಊರೇ ಇದನ್ನು ತಿಂದು ಗಟ್ಟಿಮುಟ್ಟಾಗಿದೆಯಲ್ಲ” ಎಂದಳು. ಮಾತು ನಿಜವೇ. ಮೇಷ್ಟರ ಬುದ್ಧಿ ನೋಡಿ, ಬೈಯುವುದನ್ನು ಬಿಟ್ಟು ಆ ಚೌಡರಿನ ಚರಿತ್ರೆ ಹುಡುಕತೊಡಗಿದೆ.

ಅಮೆರಿಕದಲ್ಲಿ ಅದರ ವಿಧಾನ ಮೊದಲು ಅಚ್ಚಾದದ್ದು ಬಾಸ್ಟನ್ನಿನ ಒಂದು ಪತ್ರಿಕೆಯಲ್ಲಿ, 1751ರಲ್ಲಿ, ಅದೂ ಪದ್ಯರೂಪದಲ್ಲಿ. ಸ್ವಾರಸ್ಯವೆಂದರೆ ಅದರಲ್ಲಿ ಹಾಲೂ ಇಲ್ಲ, ಆಲೂಗಡ್ಡೆಯೂ ಇಲ್ಲ! ಈರುಳ್ಳಿ, ಹಂದಿಮಾಂಸ, ಮೀನು ಪದರ ಪದರವಾಗಿ ಜೋಡಿಸಿ, ಹಡಗಿನ ಗಟ್ಟಿ ಬಿಸ್ಕತ್ತು ಹಾಕಿ ಮಂದ ಮಾಡುತ್ತಿದ್ದರು. ಹಾಲು ಆಮೇಲೆ ಬಂದು ಸೇರಿತು. ಚೌಡರ್ ಎಂಬ ಹೆಸರು ಕೂಡ ಫ್ರೆಂಚರ ಅಡುಗೆ ಹಂಡೆಯ ಹೆಸರಿನಿಂದ ಬಂತೆಂದು ಹಲವರ ಅಭಿಪ್ರಾಯ. ಸಮುದ್ರಕ್ಕೆ ಹೋದ ಬಡವರ ಹಂಡೆಯ ಊಟವದು. ಆದರೂ ಪತ್ರಿಕೆಯವರು ನಾಚಿಕೊಳ್ಳದೆ ಅಚ್ಚು ಹಾಕಿದರಲ್ಲ, ನನಗೆ ಹೊಟ್ಟೆಕಿಚ್ಚಾದದ್ದು ಅಲ್ಲಿ.

ನಮ್ಮಲ್ಲಿ ಅಡುಗೆ ಬರೆದವರಿಗೆ ಬರವಿರಲಿಲ್ಲ. 1025ರಲ್ಲೇ ಎರಡನೆಯ ಚಾವುಂಡರಾಯ ‘ಲೋಕೋಪಕಾರ’ದಲ್ಲಿ ಅಡುಗೆಗೆ ಒಂದು ಅಧ್ಯಾಯ ಇಟ್ಟಿದ್ದಾನೆ. 1508ರ ಸುಮಾರಿಗೆ ಮೂರನೆಯ ಮಂಗರಸ ‘ಸೂಪಶಾಸ್ತ್ರ’ವನ್ನೇ ಬರೆದ. ಮಂಗರಸನಂತೂ ಜೈನ. ಅಲ್ಲಿ ಮೀನನ್ನು ಹುಡುಕುವುದು ಹುಡುಕುವವರ ತಪ್ಪು. ಮೀನಿನ ಮಾತು ಬೇಕಾದರೆ ಕಲ್ಯಾಣದ ಚಾಲುಕ್ಯ ದೊರೆ ಮೂರನೆಯ ಸೋಮೇಶ್ವರನ ಬಳಿ ಹೋಗಬೇಕು. ಸುಮಾರು 1129ರಲ್ಲಿ ರಚಿತವಾದ ‘ಮಾನಸೋಲ್ಲಾಸ’ದಲ್ಲಿ ಮೀನು ಹಿಡಿಯುವ ವಿನೋದಕ್ಕೊಂದು ಭಾಗ, ಅರಸನ ಊಟಕ್ಕೊಂದು ಭಾಗ. ಆದರೆ ಅದು ಸಂಸ್ಕೃತದಲ್ಲಿ, ಅರಮನೆಯ ಎಲೆಗೆ. ಬುಟ್ಟಿ ಹೊತ್ತು ಬಾಗಿಲಿಗೆ ಬರುತ್ತಿದ್ದ ಖಾರ್ವಿ, ಮೊಗವೀರ ಹೆಂಗಸರ ಸಾರನ್ನು ಯಾರು ಬರೆದರು?

ಕವಿಗಳನ್ನೇಕೆ ದೂರಲಿ? ಮದುವೆಯಾದಂದಿನಿಂದ ನನ್ನದೊಂದು ಅಡುಗೆ ಪುಸ್ತಕವಿದೆ. ಚಿರೋಟಿ, ಹಯಗ್ರೀವ, ಪತ್ರೊಡೆ ಎಲ್ಲ ಚಂದದ ಅಕ್ಷರದಲ್ಲಿವೆ. ಮೀನಿನದು ಒಂದು ಸಾಲೂ ಇಲ್ಲ. ಶಾಲೆಯ ಸಹೋದ್ಯೋಗಿಗಳು ಆ ಪುಸ್ತಕ ಎರವಲು ಒಯ್ಯುತ್ತಿದ್ದರು ನೋಡಿ, ಅದಕ್ಕೆ. ಅಮ್ಮನನ್ನು ಕೇಳಿ ಬರೆಯೋಣವೆಂದರೆ ಅಮ್ಮ 2011ರಲ್ಲೇ ಹೋದರು. ಉಳಿದದ್ದು ನನ್ನ ಕೈಯ ನೆನಪು ಮಾತ್ರ.

ಅಮ್ಮ ಜ್ವರ ಬಿಟ್ಟವರಿಗೆ, ಬಾಣಂತಿಯರಿಗೆ ಮಾಡುತ್ತಿದ್ದ ಸಾರು ಅರೆದ ಮಸಾಲೆಯ ಕೆಂಪು ಸಾರಲ್ಲ, ತೆಂಗಿನ ಹಾಲಿನದು. ಚೌಡರಿಗೆ ನಮ್ಮ ಉತ್ತರ ಅದೇ ಎನ್ನಿಸಿತು. ಅದರಲ್ಲಿ ಒಣಮೆಣಸಿನಕಾಯಿ ಇಲ್ಲ, ಕಾಳುಮೆಣಸಿನದೇ ಖಾರ. ಮೆಣಸಿನಕಾಯಿ ಅಮೆರಿಕ ಖಂಡದ ಬೆಳೆ. ವಾಸ್ಕೋ ಡ ಗಾಮ 1498ರಲ್ಲಿ ಕಲ್ಲಿಕೋಟೆಗೆ ಬಂದ ಮೇಲೆ ಪೋರ್ಚುಗೀಸರ ಹಡಗಿನಲ್ಲಿ ನಮ್ಮ ಕರಾವಳಿ ಕಂಡದ್ದು. ಅದಕ್ಕೆ ಮೊದಲು ಖಾರವೆಂದರೆ ಮೆಣಸು. ಹೊಸಬ ಬಂದು ಹೆಸರನ್ನೇ ಕಸಿದುಕೊಂಡಾಗ ನಮ್ಮ ಕಡೆಯವರು ಹಳಬನನ್ನು ‘ಒಳ್ಳೆ ಮೆಣಸು’ ಎಂದು ಕರೆದು ಮಾನ ಉಳಿಸಿದರು. ಹಾಗಾಗಿ ಬಾಣಂತಿಯ ಸಾರು ಕೆಂಪು ಸಾರಿಗಿಂತ ಹಿರಿಯಳಿರಬೇಕೆಂದು ನನ್ನ ಗುಮಾನಿ.

ಮಾಡುವುದು ಹೀಗೆ. ಅರ್ಧ ಕಿಲೋ ಕಾಣೆ ಅಥವಾ ಅಂಜಲ್ ತನ್ನಿ. ಬಂಗುಡೆಯ ಜಿಡ್ಡು ಇದಕ್ಕೆ ಹೊಂದದು. ಜೂನ್, ಜುಲೈಯಲ್ಲಿ ನಮ್ಮ ಕರಾವಳಿಯ ಯಾಂತ್ರಿಕ ದೋಣಿಗಳಿಗೆ ನಿಷೇಧವಿರುವುದರಿಂದ ಆಗ ಬೆಂಗಳೂರಿನಲ್ಲಿ ಒಳ್ಳೆಯ ಕಾಣೆ ಕನಸೇ. ತುಂಡುಗಳಿಗೆ ಉಪ್ಪು, ಅರಿಸಿನ ಸವರಿಡಿ. ಒಂದು ತೆಂಗಿನಕಾಯಿ ತುರಿದು, ಅರ್ಧ ಲೋಟ ಉಗುರುಬೆಚ್ಚಗಿನ ನೀರಿನಲ್ಲಿ ರುಬ್ಬಿ ಬಟ್ಟೆಯಲ್ಲಿ ಹಿಂಡಿದರೆ ಮೊದಲ ಹಾಲು. ಅದನ್ನು ಬೇರೆ ಇಡಿ. ಅದೇ ಚರಟಕ್ಕೆ ಎರಡು ಲೋಟ ನೀರು ಹಾಕಿ ಹಿಂಡಿದ್ದು ಎರಡನೆಯ ಹಾಲು. ಮಣ್ಣಿನ ಗಡಿಗೆಯಲ್ಲಿ ಈರುಳ್ಳಿ, ಶುಂಠಿ, ಕರಿಬೇವು ಬಾಡಿಸಿ, ಎರಡನೆಯ ಹಾಲು, ಒಂದು ಚಮಚ ಕುಟ್ಟಿದ ಒಳ್ಳೆ ಮೆಣಸು, ನಾಲ್ಕು ಮುರುಗಲ ಸಿಪ್ಪೆ ಹಾಕಿ ಕುದಿಸಿ. ಮೀನು ಹಾಕಿದ ಮೇಲೆ ಸೌಟು ಮುಟ್ಟಕೂಡದು. ಗಡಿಗೆಯ ಕಂಠ ಹಿಡಿದು ಮೆಲ್ಲಗೆ ತಿರುಗಿಸಬೇಕು. ಏಳೆಂಟು ನಿಮಿಷದಲ್ಲಿ ಮೀನು ಬೆಂದಿರುತ್ತದೆ. ಉರಿ ತೀರ ಸಣ್ಣದು ಮಾಡಿ ಮೊದಲ ಹಾಲು ಹೊಯ್ದು, ಅಂಚಿನಲ್ಲಿ ಗುಳ್ಳೆ ಏಳುತ್ತಲೇ ಇಳಿಸಿಬಿಡಿ. ಕುದಿಸಿದಿರೋ, ಹಾಲು ಒಡೆದು ನೀರು ಬೇರೆ ಎಣ್ಣೆ ಬೇರೆ ಆಗುತ್ತದೆ. ಮೊದಲ ಸಲ ನಾನು ಹಾಗೆಯೇ ಕೆಡಿಸಿದೆ, ತರಗತಿಯ ಉತ್ತರಪತ್ರಿಕೆ ತಿದ್ದುತ್ತ ಕೂತು.

ಕಳೆದ ಭಾನುವಾರ ಇದನ್ನು ಪುಸ್ತಕದಲ್ಲಿ ಬರೆದೆ, ಹಯಗ್ರೀವದ ಎದುರು ಪುಟದಲ್ಲಿ. ಫೋಟೋ ತೆಗೆದು ಮಗಳಿಗೆ ಕಳಿಸಿದೆ. ಅವಳಿಗೆ ಅಲ್ಲಿ ಡಬ್ಬಿಯ ತೆಂಗಿನ ಹಾಲು, ಕಾಡ್ ಮೀನು ಸಿಕ್ಕವಂತೆ. “ಉಪ್ಪು ಎಷ್ಟು ಅಂತ ಬರೆದೇ ಇಲ್ಲವಲ್ಲ?” ಎಂದು ಮರುದಿನ ಕೇಳಿದಳು. ಗಡಿಗೆ ಇಳಿಸಿ, ಕಿಟಕಿ ತೆರೆದು, ಚಮಚ ಹಿಡಿದು ಅಳೆಯಲು ಕೂತಿದ್ದೇನೆ.