ಪ್ರತಿಭೆ

ಪ್ರತಿಭೆ: ಭಾರತೀಯ ಕಾವ್ಯಮೀಮಾಂಸೆಯಲ್ಲಿ, ಹೊಸದನ್ನು ಕಂಡು ಅದಕ್ಕೆ ರೂಪ ಕೊಡುವ ಕವಿಯ ಶಕ್ತಿ. ಇದನ್ನು ಸದಾ ಹೊಸತಾಗಿ ಅರಳುವ ಪ್ರಜ್ಞೆಯೆಂದು ನಿರೂಪಿಸಿದವನು ಕಾಶ್ಮೀರದ ಭಟ್ಟತೌತ, ಅಭಿನವಗುಪ್ತನ ಗುರು. ಅವನ ‘ಕಾವ್ಯಕೌತುಕ’ ಕಳೆದುಹೋಗಿದೆ. ಈ ಲಕ್ಷಣವಾಕ್ಯ ಇತರರ ಗ್ರಂಥಗಳಲ್ಲಿ ಉಳಿದು ಬಂದಿದೆ.

ಪ್ರತಿಭೆ ಹುಟ್ಟಿನಿಂದ ಬರುವುದೋ ಕಲಿಕೆಯಿಂದಲೋ ಎಂಬುದು ಹಳೆಯ ತಕರಾರು. ಮಮ್ಮಟ ಶಕ್ತಿ (ಎಂದರೆ ಪ್ರತಿಭೆ), ನಿಪುಣತೆ, ಅಭ್ಯಾಸ ಮೂರೂ ಸೇರಿ ಕಾವ್ಯಕ್ಕೆ ಒಂದೇ ಕಾರಣವೆಂದ. 17ನೆಯ ಶತಮಾನದ ಜಗನ್ನಾಥ ಪಂಡಿತನಿಗೆ ಪ್ರತಿಭೆಯೊಂದೇ ಸಾಕು. ರಾಜಶೇಖರ ಕಾರಯಿತ್ರೀ (ರಚಿಸುವ ಕವಿಯದು), ಭಾವಯಿತ್ರೀ (ಆಸ್ವಾದಿಸುವ ಓದುಗನದು) ಎಂದು ಎರಡು ಬಗೆ ಮಾಡಿ ಸಹೃದಯನಿಗೂ ಪಾಲು ಕೊಟ್ಟ.

ಹೊಸತನದ ಗಂಟನ್ನು ನಯವಾಗಿ ಬಿಡಿಸಿದವನು 9ನೆಯ ಶತಮಾನದ ಆನಂದವರ್ಧನ. ಹಿಂದಿನವರು ಎಲ್ಲವನ್ನೂ ಹೇಳಿ ಮುಗಿಸಿದ್ದರೆ ಮುಂದಿನ ಕವಿಗೆ ಉಳಿದದ್ದೇನು? ‘ಧ್ವನ್ಯಾಲೋಕ’ದ ಕೊನೆಯ ಭಾಗದಲ್ಲಿ ಅವನು ಕವಿಗಳ ನಡುವಿನ ಹೋಲಿಕೆಯನ್ನು ಮೂರಾಗಿ ವಿಂಗಡಿಸುತ್ತಾನೆ: ವಸ್ತುವಿಗೂ ಅದರ ಪ್ರತಿಬಿಂಬಕ್ಕೂ ಇರುವಂಥದು, ವಸ್ತುವಿಗೂ ಅದರ ಚಿತ್ರಕ್ಕೂ ಇರುವಂಥದು, ಒಬ್ಬರನ್ನೊಬ್ಬರು ಹೋಲುವ ಇಬ್ಬರು ಮನುಷ್ಯರದು. ಮೊದಲೆರಡು ತ್ಯಾಜ್ಯ. ಮೂರನೆಯದರಲ್ಲಿ ಆತ್ಮ ಬೇರೆ, ಆದ್ದರಿಂದ ದೋಷವಿಲ್ಲ. ರಸ ಸೇರಿದರೆ ಹಳೆಯ ವಸ್ತುವೂ ವಸಂತದ ಮರದಂತೆ ಹೊಸದಾಗಿ ತೋರುತ್ತದೆ.

ಮನೋವಿಜ್ಞಾನ ಸೃಜನಶೀಲತೆಯ ಕಡೆ ಗಂಭೀರವಾಗಿ ತಿರುಗಿದ್ದು ತಡವಾಗಿ, ಮನೋವಿಜ್ಞಾನಿ ಜೆ.ಪಿ. ಗಿಲ್ಫರ್ಡ್‌ರ 1950ರ ಭಾಷಣದ ನಂತರ. ಇಟ್ಟಿಗೆಯೊಂದರ ಉಪಯೋಗಗಳನ್ನು ಪಟ್ಟಿಮಾಡಿಸುವ ಪರೀಕ್ಷೆ ಅವರ ಹೆಸರಿನೊಂದಿಗೆ ಬೆಸೆದುಕೊಂಡಿದೆ. ಉತ್ತರಗಳನ್ನು ಎಣಿಸುವುದು ಸುಲಭ, ಆದರೆ ರಸದ ಮಾತು ಅಲ್ಲಿಲ್ಲ. ವ್ಯಕ್ತಿಗಷ್ಟೇ ಹೊಸದಾದುದನ್ನೂ ಚರಿತ್ರೆಗೇ ಹೊಸದಾದುದನ್ನೂ ಚಿಂತಕಿ ಮಾರ್ಗರೆಟ್ ಬೋಡೆನ್ 1990ರಲ್ಲಿ ಬೇರ್ಪಡಿಸಿದರು.

ಕನ್ನಡದಲ್ಲಿ ಪ್ರತಿಭೆಯ ವಿಸ್ತೃತ ವಿವೇಚನೆ ತೀ.ನಂ. ಶ್ರೀಕಂಠಯ್ಯನವರ ‘ಭಾರತೀಯ ಕಾವ್ಯಮೀಮಾಂಸೆ’ಯಲ್ಲಿದೆ.