ತೋಂಟದ ಸಿದ್ಧಲಿಂಗರು ಮತ್ತು ಅವರ ಪುರಾಣ

ಕುಣಿಗಲ್ ತಾಲ್ಲೂಕಿನ ಕಗ್ಗೆರೆಯಲ್ಲಿ, ಒಂದು ತೋಟದೊಳಗೆ ತಪಸ್ಸಿಗೆ ಕೂತ ವೀರಶೈವ ವಿರಕ್ತರು ತೋಂಟದ ಸಿದ್ಧಲಿಂಗರು. ‘ತೋಂಟ’ ಎಂದರೆ ತೋಟವೇ. ಕೂತ ಜಾಗವೇ ಹೆಸರಿಗೆ ಅಂಟಿಕೊಂಡಿತು. ಹುಟ್ಟೂರು ಚಾಮರಾಜನಗರದ ಬಳಿಯ ಹರದನಹಳ್ಳಿ, ಗುರು ಗೋಸಲ ಚನ್ನಬಸವೇಶ್ವರರು, ಕಾಲ 15–16ನೆಯ ಶತಮಾನ. ಹುತ್ತ ಬೆಳೆದು ಮೈಯೆಲ್ಲ ಮುಚ್ಚಿತು, ಹಸುವೊಂದು ದಿನವೂ ಬಂದು ಅದರ ಮೇಲೆ ಹಾಲು ಸುರಿಸುತ್ತಿತ್ತು ಎಂಬುದು ಐತಿಹ್ಯ.

16ನೆಯ ಶತಮಾನದಲ್ಲೇ ವಿರಕ್ತ ತೋಂಟದಾರ್ಯ ಈ ಬದುಕನ್ನು ‘ಸಿದ್ಧೇಶ್ವರ ಪುರಾಣ’ವೆಂಬ ಕಾವ್ಯವಾಗಿಸಿದ. ಯತಿಗಳ ಚರಿತ್ರೆ ಬರೆಯುವ ರೂಢಿ ಹಳೆಯದು. ಈಜಿಪ್ಟಿನ ಮರುಭೂಮಿಯ ಕ್ರೈಸ್ತ ಸನ್ಯಾಸಿ ಆಂತೋನಿ 356ರಲ್ಲಿ ತೀರಿಕೊಂಡ ಕೆಲವೇ ವರ್ಷಗಳಲ್ಲಿ ಅಲೆಕ್ಸಾಂಡ್ರಿಯದ ಬಿಷಪ್ ಅಥನೇಸಿಯಸ್ ಅವನ ಚರಿತ್ರೆ ಬರೆದ. ಅಲ್ಲಿ ದೆವ್ವಗಳ ಕಾಟ ತುಂಬಿದೆ. ಇಲ್ಲಿ ಹುತ್ತ, ಹಾಲು. ಒಣನೆಲಕ್ಕೂ ತೋಟದ ನೆಲಕ್ಕೂ ಇರುವ ಅಂತರ ಕಥೆಗಳಲ್ಲೂ ಕಾಣುತ್ತದೆ.

ಸಿದ್ಧಲಿಂಗರ ಮಾತು ಪುರಾಣದ ಹಂಗಿಲ್ಲದೆಯೂ ಉಳಿದಿದೆ: ‘ಷಟ್‌ಸ್ಥಲ ಜ್ಞಾನಸಾರಾಮೃತ’ದ 701 ವಚನಗಳು ಅವರವೇ. ಶರಣರ ವಚನಗಳನ್ನು ಸಂವಾದವಾಗಿ ಜೋಡಿಸಿದ ‘ಶೂನ್ಯಸಂಪಾದನೆ’ಯನ್ನು ಪರಿಷ್ಕರಿಸಿದ ಗೂಳೂರು ಸಿದ್ಧವೀರಣ್ಣೊಡೆಯರೂ ಇದೇ ಪರಂಪರೆಯವರು. ಸಿದ್ಧಲಿಂಗರ ಸಮಾಧಿ ಕುಣಿಗಲ್ ತಾಲ್ಲೂಕಿನದೇ ಆದ ಯಡಿಯೂರಿನ ದೇವಾಲಯದಲ್ಲಿದೆ.