ಸೂರ್ಯಮಂಡಲದ ಬಾಗಿಲು: ಶಿವಮೊಗ್ಗೆಯ ವೀರಗಲ್ಲುಗಳ ಸಾಕ್ಷ್ಯ

ಈ ಲೋಕವನ್ನು ಬಿಟ್ಟ ಜೀವನು ಬೇರೊಂದು ಲೋಕವನ್ನು ಸೇರುವುದಕ್ಕೆ ಆಕಾಶದಲ್ಲಿಯೇ ಒಂದು ದ್ವಾರವುಂಟೆಂಬ ಕಲ್ಪನೆ ನಮ್ಮ ದೇಶದಲ್ಲಿ ಬಹು ಪ್ರಾಚೀನವಾದುದು. ಆ ದ್ವಾರವೇ ಸೂರ್ಯಮಂಡಲ. ಸೂರ್ಯನು ಬಲ್ಲವರಿಗೆ ಬಾಗಿಲು, ಅರಿಯದವರಿಗೆ ತಡೆ ಎಂಬ ಅಭಿಪ್ರಾಯ ಛಾಂದೋಗ್ಯೋಪನಿಷತ್ತಿನಲ್ಲಿದೆ. ಬೃಹದಾರಣ್ಯಕವಾದರೋ ಆ ರಂಧ್ರಗಳ ಅಳತೆಯನ್ನೇ ಕೊಡುತ್ತದೆ. ವಾಯುವು ರಥಚಕ್ರದ ತೂತಿನಷ್ಟು, ಸೂರ್ಯನು ಲಂಬರವೆಂಬ ವಾದ್ಯದ ತೂತಿನಷ್ಟು, ಚಂದ್ರನು ದುಂದುಭಿಯ ತೂತಿನಷ್ಟು ಎಡೆಮಾಡಿಕೊಡುವರಂತೆ; ಅವುಗಳ ಮೂಲಕ ಮೇಲೇರಿದವನು ಶೋಕವೂ ಹಿಮವೂ ಇಲ್ಲದ ಲೋಕವನ್ನು ಸೇರುವನಂತೆ. ಕಾಣದ ಹಾದಿಯನ್ನು ಕೈಗೆಟುಕುವ ವಸ್ತುಗಳಿಂದ ಅಳೆಯುವ ಈ ಧೈರ್ಯ ಗಮನಾರ್ಹವಾದುದು.

ಈ ಬಾಗಿಲಿನಿಂದ ಹೋಗಲು ಅರ್ಹರಾರು? ಪರಾಶರ ಸ್ಮೃತಿಯಲ್ಲಿಯೂ ವಿದುರನೀತಿಯ ಪಾಠಗಳಲ್ಲಿಯೂ ಕಾಣಬರುವ ಪ್ರಸಿದ್ಧ ಶ್ಲೋಕವೊಂದು ಇಬ್ಬರನ್ನು ಮಾತ್ರ ಹೆಸರಿಸುತ್ತದೆ: ಯೋಗಯುಕ್ತನಾದ ಸಂನ್ಯಾಸಿ ಮತ್ತು ರಣದಲ್ಲಿ ಶತ್ರುವಿಗೆ ಎದುರಾಗಿ ನಿಂತು ಮಡಿದವನು. ವಿಜಯನಗರದ ಆದಿಕಾಲದಲ್ಲಿ, 14ನೆಯ ಶತಮಾನದಲ್ಲಿ, ಮಾಧವಾಚಾರ್ಯರು ವ್ಯಾಖ್ಯಾನ ಬರೆದದ್ದು ಇದೇ ಪರಾಶರ ಸ್ಮೃತಿಗೆ. ಹೀಗಾಗಿ ಈ ಭಾವನೆ ಕನ್ನಡ ನಾಡಿನ ವಿದ್ವದ್ವಲಯಕ್ಕೆ ಅಪರಿಚಿತವಾಗಿರಲಿಲ್ಲ.

ಶ್ಲೋಕದ ಈ ಇಬ್ಬರು ಪ್ರಯಾಣಿಕರೂ ನಮ್ಮ ಜಿಲ್ಲೆಯಲ್ಲಿ ಅತ್ಯಂತ ಸಮೀಪದಲ್ಲಿಯೇ ಕಾಣಸಿಗುತ್ತಾರೆ. ಶಿವಮೊಗ್ಗೆಯನ್ನು ಹಾಯ್ದುಬರುವ ತುಂಗೆಯೂ, ಹಿಂದೆ ಬೆಂಕಿಪುರವೆನಿಸಿದ್ದ ಭದ್ರಾವತಿಯನ್ನು ಹಾಯ್ದುಬರುವ ಭದ್ರೆಯೂ ಕೂಡುವ ಕೂಡಲಿಯಲ್ಲಿ ಅದ್ವೈತ, ದ್ವೈತ ಎರಡೂ ಪರಂಪರೆಗಳ ಮಠಗಳಿವೆ. ಅದು ಸಂನ್ಯಾಸಿಗಳ ಕ್ಷೇತ್ರ. ಶಿವಮೊಗ್ಗೆ ನಗರದಲ್ಲಿ ಶಿವಪ್ಪನಾಯಕನ ಅರಮನೆಯೆಂದು ರೂಢಿಯಲ್ಲಿರುವ ಕಟ್ಟಡದ ಸರಕಾರಿ ವಸ್ತುಸಂಗ್ರಹಾಲಯದಲ್ಲಿ ವೀರಗಲ್ಲುಗಳಿವೆ. ಅವು ಎರಡನೆಯ ಪ್ರಯಾಣಿಕನ ಗುರುತುಗಳು. ಆದರೆ ಸಂನ್ಯಾಸಿಯ ವಿಷಯದಲ್ಲಿ ಒಂದು ತೊಡಕುಂಟು. ಬ್ರಹ್ಮಸೂತ್ರ ಭಾಷ್ಯದ ನಾಲ್ಕನೆಯ ಅಧ್ಯಾಯದಲ್ಲಿ ಶಂಕರರು ಈ ದೇವಯಾನ ಮಾರ್ಗವನ್ನು ಸಗುಣೋಪಾಸಕರಿಗೆ ಮಾತ್ರ ಬಿಟ್ಟುಕೊಟ್ಟಿದ್ದಾರೆ. ನಿರ್ಗುಣ ಬ್ರಹ್ಮವನ್ನರಿತವನಿಗೆ ಹೋಗಬೇಕಾದ ಊರೇ ಇಲ್ಲ, ಊರಿಲ್ಲದಮೇಲೆ ಬಾಗಿಲೇಕೆ? ಎಂದರೆ ಜ್ಞಾನಿಯು ಈ ದ್ವಾರವನ್ನು ದಾಟುವ ಗೊಡವೆಗೇ ಹೋಗಲಿಲ್ಲ. ಅದರ ಅವಶ್ಯಕತೆ ಉಳಿದದ್ದು ಯೋಧನಿಗೆ.

ಇನ್ನು ಕಲ್ಲುಗಳ ಕಡೆಗೆ ಬರೋಣ. ಸಾಮಾನ್ಯವಾಗಿ ವೀರಗಲ್ಲಿನಲ್ಲಿ ಮೂರು ಹಂತಗಳಿರುತ್ತವೆ. ಕೆಳಗೆ ಕಾಳಗ, ಎಷ್ಟೋ ಬಾರಿ ದನಗಳ ಸಾಲಿನೊಡನೆ. ನಡುವೆ ವೀರನನ್ನು ಕೈಹಿಡಿದು ಇಲ್ಲವೆ ವಿಮಾನದಲ್ಲಿ ಕುಳ್ಳಿರಿಸಿಕೊಂಡು ಒಯ್ಯುವ ಅಪ್ಸರೆಯರು. ಮೇಲೆ ಶಿವಲಿಂಗ, ನಂದಿ, ಪೂಜಿಸುವ ಯತಿ, ಕೈಮುಗಿದು ಕುಳಿತ ವೀರ. ಶಿರೋಭಾಗದಲ್ಲಿ ಸೂರ್ಯ ಚಂದ್ರರು. ಆ ಸೂರ್ಯಬಿಂಬವೇ ಶ್ಲೋಕದಲ್ಲಿ ಹೇಳಿದ ದ್ವಾರವೆಂದು ಊಹಿಸುವುದು ಆಕರ್ಷಕವಾಗಿಯೇ ಇದೆ. ಆದರೆ ಈ ಊಹೆ ನಿಲ್ಲಲಾರದೆಂದು ನಮಗೆ ತೋರುತ್ತದೆ. ಇದೇ ಸೂರ್ಯ ಚಂದ್ರರು ಭೂದಾನದ ಶಾಸನಗಳ ತಲೆಯಲ್ಲಿಯೂ ಇದ್ದಾರೆ. ಅಲ್ಲಿ ಯಾರೂ ಯಾವ ಲೋಕಕ್ಕೂ ಹೋಗುತ್ತಿಲ್ಲ. ಆ ಬಿಂಬಗಳು ದಾನವು ಆಚಂದ್ರಾರ್ಕವಾಗಿ ನಡೆಯಲೆಂಬುದರ ಸಂಕೇತ. ಅಲ್ಲದೆ ಕಲ್ಲಿನ ವೀರನು ಸೂರ್ಯನನ್ನು ಭೇದಿಸಿ ಆಚೆಗೆ ಹೋಗುವುದೇ ಇಲ್ಲ. ಅವನ ಕೈಲಾಸ ಸೂರ್ಯ ಚಂದ್ರರ ಕೆಳಗೇ ಇದೆ. ಜಿಲ್ಲೆಯ ಅನೇಕ ವೀರಶಾಸನಗಳಲ್ಲಿ ಬರುವ ಸಂಸ್ಕೃತ ಶ್ಲೋಕವೂ ಬೇರೆಯೇ. ಗೆದ್ದವನಿಗೆ ಸಂಪತ್ತು, ಮಡಿದವನಿಗೆ ಸುರಾಂಗನೆ, ಕ್ಷಣದಲ್ಲಿ ಅಳಿಯುವ ದೇಹಕ್ಕಾಗಿ ಚಿಂತೆಯೇಕೆ ಎಂಬುದು ಅದರ ತಾತ್ಪರ್ಯ. ಸೂರ್ಯಮಂಡಲದ ಮಾತು ಅಲ್ಲಿಲ್ಲ. ಪಂಡಿತನು ಬಾಗಿಲನ್ನು ಕಂಡನು. ಶಿಲ್ಪಿಯು ವಾಹನವನ್ನೂ ಜೊತೆಗಾರ್ತಿಯರನ್ನೂ ಕಡೆದನು. ಕಲ್ಲಿನ ಮುಂದೆ ನಿಂತು ಅಳುತ್ತಿದ್ದ ತಾಯಿಗೆ ಯಾವುದು ಬೇಕಾಗಿತ್ತೆಂಬುದನ್ನು ಶಿಲ್ಪಿ ಚೆನ್ನಾಗಿ ಬಲ್ಲವನಾಗಿದ್ದನು.

ಹೀಗೆ ಮೇಲಕ್ಕೆ ಹೋದವರಲ್ಲಿ ಎಲ್ಲರೂ ರಾಜಕುಮಾರರಲ್ಲ. ತುರುಗೊಳ್, ಊರಳಿವು, ಪೆಣ್ಬುಯ್ಯಲ್ ಎಂಬ ಶಾಸನ ಪದಗಳು ತಿಳಿಸುವಂತೆ, ದನಗಳನ್ನು ಬಿಡಿಸಲು, ಊರನ್ನು ಉಳಿಸಲು, ಹೆಂಗಸರ ಮಾನವನ್ನು ಕಾಯಲು ಹೋದ ಸಾಮಾನ್ಯರೇ ಇವರಲ್ಲಿ ಅನೇಕರು. ವೇದಾಧ್ಯಯನದ ಅಧಿಕಾರವಿಲ್ಲದವನಿಗೂ ಒಂದು ಸಂಜೆಯ ಕಾದಾಟದಿಂದ ಯತಿಗೆ ಸಮನಾದ ಪದವಿ ದೊರೆಯಿತೆಂಬುದು ಸಣ್ಣ ಸಂಗತಿಯಲ್ಲ. ಅದೇ ಭರವಸೆ ಆಳುವವರಿಗೆ ಅಗ್ಗದ ಸೈನ್ಯವನ್ನು ಒದಗಿಸಿತೆಂಬುದನ್ನೂ ಮರೆಯಲಾಗದು. ಆದರೆ ಸುರಾಂಗನೆಯ ಮಾತೊಂದರಿಂದಲೇ ಜನ ತೃಪ್ತರಾಗಲಿಲ್ಲ. ಮಡಿದವನ ಮನೆಯವರಿಗೆ ನೆತ್ತರುಗೊಡಗೆ, ಬಾಳ್ಗಳ್ಚು ಎಂಬ ಹೆಸರಿನಲ್ಲಿ ಭೂಮಿ ಸಲ್ಲುತ್ತಿತ್ತು. ಎಂ. ಚಿದಾನಂದಮೂರ್ತಿಯವರ ‘ಕನ್ನಡ ಶಾಸನಗಳ ಸಾಂಸ್ಕೃತಿಕ ಅಧ್ಯಯನ’ (1966) ಪ್ರಕಟವಾದಂದಿನಿಂದ ಶಾಸನಗಳನ್ನು ಜನಜೀವನದ ಈ ದೃಷ್ಟಿಯಿಂದ ಓದುವುದು ನಮ್ಮ ವಿದ್ಯಾರ್ಥಿಗಳಿಗೆ ಸುಲಭವಾಗಿದೆ.

ಶ್ಲೋಕವು ಹೆಸರಿಸದ ಮೂರನೆಯ ಪ್ರಯಾಣಿಕಳೊಬ್ಬಳಿದ್ದಾಳೆ. ಮಾಸ್ತಿಕಲ್ಲಿನಲ್ಲಿ ಕಂಬದಿಂದ ಚಾಚಿದ, ಬಳೆ ತೊಟ್ಟ ತೋಳು ಅವಳ ಗುರುತು. ಕೆಲವು ಕಲ್ಲುಗಳಲ್ಲಿ ಅವಳು ಪತಿಯ ಮಗ್ಗುಲಲ್ಲಿಯೇ ಕುಳಿತಿದ್ದಾಳೆ. ಸ್ಮೃತಿಕಾರನು ಕೊಡದ ಎಡೆಯನ್ನು ಶಿಲ್ಪಿ ಕೊಟ್ಟನು. ಅವಳು ತಾನಾಗಿ ಹೋದಳೋ, ಹೋಗುವಂತೆ ಮಾಡಲ್ಪಟ್ಟಳೋ, ಕಲ್ಲು ನುಡಿಯುವುದಿಲ್ಲ.

ರೈಸ್ ಅವರು ‘ಎಪಿಗ್ರಾಫಿಯಾ ಕರ್ನಾಟಿಕಾ’ದ 7 ಮತ್ತು 8ನೆಯ ಸಂಪುಟಗಳಲ್ಲಿ (1902, 1904) ಈ ಜಿಲ್ಲೆಯ ಶಾಸನಗಳನ್ನು ಪ್ರಕಟಿಸಿದರು. ಆದರೆ ಅದು ಬರಹವುಳ್ಳ ಕಲ್ಲುಗಳ ಸಂಗ್ರಹ. ಅಕ್ಷರವಿಲ್ಲದ ವೀರಗಲ್ಲಿಗೆ ಅಲ್ಲಿ ಸಂಖ್ಯೆಯಿಲ್ಲ. ಅಂತಹ ಕಲ್ಲು ಕಂಡಲ್ಲಿ ಹಂತಗಳೆಷ್ಟು, ಮೇಲಿನ ಹಂತದಲ್ಲಿ ಯಾವ ದೇವತೆ, ಸೂರ್ಯ ಚಂದ್ರರು ಯಾವ ಪಕ್ಕದಲ್ಲಿ, ಸ್ತ್ರೀಯ ರೂಪವಿದೆಯೇ ಇಲ್ಲವೇ ಎಂಬುದನ್ನು ವಿದ್ಯಾರ್ಥಿಗಳು ಅಳತೆಯೊಡನೆ ಬರೆದುಕೊಳ್ಳಬೇಕು. ಕಲ್ಲನ್ನು ನಿಂತೆಡೆಯಿಂದ ಕದಲಿಸುವ ಮೊದಲೇ ಅದು ಯಾವ ದಿಕ್ಕಿಗೆ ಮುಖಮಾಡಿದೆಯೆಂಬುದನ್ನೂ ಗುರುತಿಸಬೇಕು.